ಗುಲಾಬಿಯಕ್ಕ ಬರೆಸಿದ ಅರ್ಜಿ

ಮಣಿಪಾಲದಲ್ಲಿ ಬಸ್ಸಿಳಿದ ಮೊದಲ ಬೆಳಿಗ್ಗೆ ನಾನು ಒಂದು ಚಹಾದ ಹೋಟೆಲಿನ ಹೊರಗೆ ಹತ್ತು ನಿಮಿಷ ಸುಮ್ಮನೆ ನಿಂತಿದ್ದೆ. ಹಸಿವಾಗಿತ್ತು, ಒಳಗೆ ಬೆಂಚು ಖಾಲಿ ಇತ್ತು, ಆದರೂ ನಿಂತಿದ್ದೆ. ನಮ್ಮೂರಿನಲ್ಲಿ ನಮ್ಮ ಕೇರಿಯವರು ಹಾಗೆ ನಿಲ್ಲುವುದೇ ರೂಢಿ. ನಮಗೆಂದು ಬೇರೆ ಇಟ್ಟ ಲೋಟವನ್ನು ನಾವೇ ತೊಳೆದು ಹಿಡಿದರೆ ಮೇಲಿನಿಂದ ಚಹಾ ಸುರಿಯುತ್ತಾರೆ. ಇಲ್ಲಿ ಆ ಲೋಟವನ್ನು ಎಲ್ಲಿಟ್ಟಿದ್ದಾರೆಂದು ಕಿಟಕಿಯ ಕಟ್ಟೆ, ಗೋಡೆಯ ಗೂಡು ಎಲ್ಲವನ್ನೂ ಕಣ್ಣಲ್ಲೇ ಹುಡುಕಿದೆ. ಕಾಣಲಿಲ್ಲ. ಗಲ್ಲಾಪೆಟ್ಟಿಗೆಯ ಮುಂದೆ ಕುಳಿತಿದ್ದವರು ನನ್ನನ್ನು ನೋಡಿ ಕೂಗಿದರು: “ಹೊರಗೆ ಎಂತ ಮಾಡ್ತೀರಿ ಮಾರಾಯ್ರೆ? ಒಳಗೆ ಬನ್ನಿ, ಜಾಗ ಉಂಟಲ್ಲ!”

ಒಳಗೆ ಹೋಗಿ ಬೆಂಚಿನ ತುದಿಯಲ್ಲಿ ಕುಳಿತೆ. ಎಲ್ಲರಿಗೂ ಕೊಟ್ಟ ಗ್ಲಾಸಿನಲ್ಲೇ ನನಗೂ ಚಹಾ ಬಂತು. ಕುಡಿದು ಗ್ಲಾಸು ತೊಳೆಯಲು ಎದ್ದರೆ ಬಡಿಸುವವನು ಅದನ್ನು ಕೈಯಿಂದ ಕಸಿದುಕೊಂಡು, ಇದೆಂಥ ಗಿರಾಕಿ ಎಂಬಂತೆ ನೋಡಿದ. ಆ ಹೊತ್ತಿಗೆ ನನಗೆ ಕುಣಿಯುವಷ್ಟು ಖುಷಿಯಾಗಿತ್ತು. ಅಂದು ಮಧ್ಯಾಹ್ನ ಹೆಂಡತಿ ಯಲ್ಲವ್ವನಿಗೆ ಫೋನ್ ಮಾಡಿ, “ಇಲ್ಲಿ ಜಾತಿ ಅನ್ನೂದ ಇಲ್ಲ ನೋಡ. ಕೂಸನ್ನ ಕರಕೊಂಡು ಬಂದುಬಿಡು” ಎಂದೆ.

ಎಂಥ ದಡ್ಡ ನಾನು! ಈ ಊರಿಗೆ ಗೊತ್ತಿಲ್ಲದೆ ಇದ್ದದ್ದು ಜಾತಿಯಲ್ಲ, ನನ್ನ ಜಾತಿ ಅಷ್ಟೇ. ಇಷ್ಟು ಸಣ್ಣ ವಿಷಯ ತಿಳಿಯಲು ನನಗೆ ಹತ್ತು ವರ್ಷ ಬೇಕಾದವು. ತಿಳಿಸಿಕೊಟ್ಟವರು ಗುಲಾಬಿಯಕ್ಕ. ದೂರದ ಊರುಗಳಲ್ಲಿರುವ ನಿಮಗೆ ನಾನು ಇಲ್ಲಿನ ಕಡಲು, ದೇವಸ್ಥಾನ, ದೊಡ್ಡ ದೊಡ್ಡ ಕಾಲೇಜುಗಳ ಬಗ್ಗೆ ಬರೆಯಬಹುದಿತ್ತು. ಅವೆಲ್ಲ ನಿಮ್ಮ ಫೋನಿನಲ್ಲೇ ಕಾಣುತ್ತವೆ. ಗುಲಾಬಿಯಕ್ಕ ಕಾಣುವುದಿಲ್ಲ. ಅದಕ್ಕೇ ಅವರ ಬಗ್ಗೆ ಬರೆಯುತ್ತಿದ್ದೇನೆ.

ನನ್ನ ಹೆಸರು ಹನುಮಪ್ಪ. ಪಿಯುಸಿ ಅರ್ಧಕ್ಕೆ ಬಿಟ್ಟು ಗಾರೆ ಕೆಲಸ ಕಲಿತವನು. ಗದಗದ ಕಡೆಯ ಎರೆಮಣ್ಣಿನಲ್ಲಿ ಬೆಳೆದ ನನಗೆ ಇಲ್ಲಿನ ಕೆಂಪು ಮುರಕಲ್ಲು, ಬೆವರು ಆರದ ಸೆಕೆ, ಬಾಯಲ್ಲಿ ಉರುಳಾಡುವ ದಪ್ಪ ಕುಚಲಕ್ಕಿ ಅನ್ನ ಎಲ್ಲವೂ ಹೊಸದು. ಮೊದಲ ವಾರ ಆ ಅನ್ನ ತಿಂದು, ಯಾರೋ ಅಕ್ಕಿ ಬೇಯಿಸುವುದನ್ನು ಅರ್ಧಕ್ಕೆ ನಿಲ್ಲಿಸಿದ್ದಾರೆ ಎಂದುಕೊಂಡಿದ್ದೆ. ನಮ್ಮನ್ನು ಇಲ್ಲಿಯವರು ಘಟ್ಟದವರು ಎನ್ನುತ್ತಾರೆ. ಘಟ್ಟದ ಮೇಲಿನಿಂದ ಇಳಿದು ಬಂದವರು ಎಂದು ಅರ್ಥ. ಗದಗವಿರಲಿ, ಕೊಪ್ಪಳವಿರಲಿ, ಬಾಗಲಕೋಟೆಯಿರಲಿ, ಎಲ್ಲರೂ ಘಟ್ಟದವರೇ. ನಮ್ಮೊಳಗೆ ಯಾರು ಗೌಡ, ಯಾರು ಮಾದಿಗ ಎಂಬುದು ಅವರಿಗೆ ಹೆಸರಿನಿಂದಾಗಲೀ ಮಾತಿನಿಂದಾಗಲೀ ತಿಳಿಯುವುದಿಲ್ಲ. ಊರಿನಲ್ಲಿ ನನ್ನ ನೆರಳು ಕಂಡರೂ ಗುರುತು ಹಿಡಿಯುತ್ತಿದ್ದರು.

ಹೆಂಡತಿ, ಮಗಳು ಬಂದ ಮೇಲೆ ಉಚ್ಚಿಲದಲ್ಲಿ ರೂಮು ಹುಡುಕಿದೆ. ಹೆದ್ದಾರಿಯಿಂದ ಕಡಲಿನ ಕಡೆ ಹೋದರೆ ಸಾಲಾಗಿ ನಾಲ್ಕು ರೂಮುಗಳು, ಪಕ್ಕದಲ್ಲೇ ಮಾಲಕಿಯ ಮನೆ. ಮಾಲಕಿ ಸರೋಜಿನಿಯಮ್ಮ. ಗಂಡ ಬೋಟಿಗೆ ಹೋಗುತ್ತಾರೆ, ಇವರು ಬುಟ್ಟಿ ಹೊತ್ತು ಮೀನು ಮಾರುತ್ತಾರೆ. ಮಾತು ಒರಟು, ಮನಸ್ಸು ಮೆತ್ತಗೆ. ಬೀಗದ ಕೈ ಕೊಡುವ ಮುಂಚೆ ಒಂದೇ ಒಂದು ಪ್ರಶ್ನೆ ಕೇಳಿದರು: “ನೀವು ಎಂತ ಜನ?”

ಯಲ್ಲವ್ವ ನನ್ನ ಮುಖ ನೋಡಿದಳು. ನಾನು ಒಂದು ಕ್ಷಣವೂ ತಡೆಯದೆ “ಲಿಂಗಾಯತ್ರೀ” ಎಂದುಬಿಟ್ಟೆ.

ಬಾಯಿಗೆ ಬಂದದ್ದು ಅದೇ. ಊರಿನಲ್ಲಿ ನನ್ನನ್ನು ಹೊರಗೆ ನಿಲ್ಲಿಸಿದವರ ಹೆಸರನ್ನೇ ಇಲ್ಲಿ ಒಳಗೆ ಹೋಗಲು ಬಳಸಿಕೊಂಡೆ. ಅಷ್ಟಕ್ಕೇ ನಿಂತಿದ್ದರೆ ಈ ಕಥೆ ಇರುತ್ತಿರಲಿಲ್ಲ. ಆರು ವರ್ಷದ ಮಗಳು ರೇಣುಕಾಳನ್ನು ಶಾಲೆಗೆ ಸೇರಿಸುವ ದಿನ ದಾರಿ ತೋರಿಸಲೆಂದು ಸರೋಜಿನಿಯಮ್ಮನೇ ಜೊತೆಗೆ ಬಂದರು. ಟೀಚರು ರಿಜಿಸ್ಟರ್ ತೆರೆದು “ಜಾತಿ?” ಎಂದಾಗ ಅವರು ನನ್ನ ಬಲಗಡೆಯಲ್ಲೇ ನಿಂತಿದ್ದರು. ನಾನು ಬಾಯಿ ತೆರೆಯುವ ಮೊದಲೇ ಅವರೇ “ಲಿಂಗಾಯತರು ಟೀಚರ್, ಒಳ್ಳೆಯ ಜನ” ಎಂದರು. ಟೀಚರು ನನ್ನ ಕಡೆ ನೋಡಿದರು. ನಾನು ಹೌದೆಂದು ತಲೆಯಾಡಿಸಿ ಕೆಳಗೆ ಸಹಿ ಮಾಡಿದೆ.

ಆಮೇಲೆ ಶುರುವಾಯಿತು ನೋಡಿ ನಮ್ಮ ಫಜೀತಿ. ಮೀನುಗಾರರ ಮನೆಯ ಪಕ್ಕದಲ್ಲಿ ವಾಸ, ಹೊತ್ತು ಹೊತ್ತಿಗೆ ಬಂಗುಡೆ ಹುರಿಯುವ ಪರಿಮಳ, ನಾವು ಮಾತ್ರ ಲಿಂಗಾಯತರು! ಸರೋಜಿನಿಯಮ್ಮ ಎಲ್ಲ ರೂಮುಗಳಿಗೂ ಮೀನು ಹಂಚಿ, ನಮ್ಮ ಬಾಗಿಲಿಗೆ ಬಂದಾಗ “ಪಾಪ, ನಿಮಗೆ ಆಗುವುದಿಲ್ಲ ಅಲ್ವಾ?” ಎಂದು ಎರಡು ಮಟ್ಟುಗುಳ್ಳ ಇಟ್ಟು ಹೋಗುತ್ತಿದ್ದರು. ಮಟ್ಟುಗುಳ್ಳ ಎಂದರೆ ಪಕ್ಕದ ಮಟ್ಟು ಎಂಬ ಊರಿನ ಹಸಿರು ಗುಂಡು ಬದನೆಕಾಯಿ. ರುಚಿ ಬಹಳ. ಆದರೆ ಬಂಗುಡೆಯ ಪರಿಮಳದಲ್ಲಿ ಕುಳಿತು ಬದನೆಕಾಯಿ ತಿನ್ನುವವನ ಸಂಕಟ ಬೇರೆ. ಒಂದೆರಡು ಸಲ ಹೆಜಮಾಡಿಯ ಕಡೆ ಕೆಲಸಕ್ಕೆ ಹೋದಾಗ ಹೋಟೆಲಿನಲ್ಲಿ ಕದ್ದು ಮೀನೂಟ ಮಾಡಿ, ಮನೆಗೆ ಬರುವ ಮೊದಲು ಮೂರು ಸಲ ಬಾಯಿ ತೊಳೆದೆ. ಕಳ್ಳನ ಮನಸ್ಸು ಹುಳ್ಳಹುಳ್ಳಗೆ. ನನಗೆ ಅಷ್ಟಾದರೂ ದಾರಿಯಿತ್ತು, ಯಲ್ಲವ್ವನಿಗೆ ಅದೂ ಇರಲಿಲ್ಲ. “ಹಿಂಗ ಬದನಿಕಾಯಿ ತಿನ್ನಾಕ ಸಮುದ್ರದ ದಂಡಿಗೆ ಬರಬೇಕಿತ್ತೇನು?” ಎಂದು ಬೈಯುತ್ತಿದ್ದಳು.

ಗುಲಾಬಿಯಕ್ಕನನ್ನು ನಾನು ಮೊದಲು ಕಂಡದ್ದು ಒಂದು ಪಾಯದ ಗುಂಡಿಯ ಅಂಚಿನಲ್ಲಿ. ಕಾಪುವಿನಿಂದ ಒಳಗಡೆ ಒಂದು ಖಾಲಿ ಜಾಗಕ್ಕೆ ಆವರಣದ ಗೋಡೆ ಕಟ್ಟುವ ಕೆಲಸ. ನಾವು ಆರು ಜನ ಘಟ್ಟದವರು, ಅದರಲ್ಲಿ ನಾಲ್ವರು ನಮ್ಮ ಕೇರಿಗಳ ಕಡೆಯವರೇ. ಒಂದು ಬೆಳಿಗ್ಗೆ ಅರವತ್ತರ ಹತ್ತಿರದ ಒಬ್ಬ ಹೆಂಗಸು ಕೊಡೆ ಮಡಿಸಿ ಬಂದವರೇ ನಾವು ತೋಡಿದ ಪಾಯದಲ್ಲಿ ಕಾಲು ಇಳಿಬಿಟ್ಟು ಕುಳಿತರು. ಚೀಲದಿಂದ ತಡ್ಪೆ ತೆಗೆದು, ಅಂದರೆ ನಮ್ಮ ಮೊರ, ತೊಡೆಯ ಮೇಲಿಟ್ಟುಕೊಂಡು ಬೀಡಿ ಕಟ್ಟತೊಡಗಿದರು.

“ಅಕ್ಕ, ಏಳಿ. ಕೆಲಸ ಉಂಟು ನಮಗೆ” ಎಂದ ಕಂಟ್ರಾಕ್ಟರ್.

“ನನಗೂ ಉಂಟು ಮಾರಾಯ” ಎಂದು ಅವರು ಮುಂದಿನ ಎಲೆ ಕತ್ತರಿಸಿದರು.

ಕಂಟ್ರಾಕ್ಟರ್ ನಮಗೆ ಕಾಂಕ್ರೀಟ್ ಹಾಕಿ ಎಂದ. ಮನುಷ್ಯರ ಕಾಲಿನ ಮೇಲೆ ಕಾಂಕ್ರೀಟ್ ಹಾಕುವುದು ಹೇಗೆ? ನಾವು ಬುಟ್ಟಿ ಹಿಡಿದು ನಿಂತೆವು. ಆಗ ಅವರು ನನ್ನನ್ನೇ ನೋಡಿ ಕೇಳಿದರು: “ನೀನು ಘಟ್ಟದವನಲ್ವಾ? ಎಂತ ಜನ?”

“ಲಿಂಗಾಯತ್ರೀ.” ಅಷ್ಟರಲ್ಲಿ ಆ ಮಾತು ನನಗೆ ಬಾಯಿಪಾಠವಾಗಿತ್ತು.

“ಹೌದಾ. ಈ ಜಾಗ ಯಾರದ್ದು ಅಂತ ಗೊತ್ತುಂಟಾ? ಬ್ರಿಟಿಷರ ಕಾಲದಲ್ಲಿ ನಮ್ಮಂಥವರಿಗೆ ಅಂತಲೇ ತೆಗೆದಿಟ್ಟದ್ದು. ಡಿ.ಸಿ. ಮನ್ನಾ ಭೂಮಿ ಅಂತ ದಾಖಲೆಯಲ್ಲಿ ಈಗಲೂ ಉಂಟು. ದಲಿತರಿಗೆ ಬಿಟ್ಟು ಬೇರೆ ಯಾರಿಗೂ ಕೊಡುವ ಹಾಗಿಲ್ಲ. ಗೋಡೆ ಕಟ್ಟುವವ ನೀನು. ಗೋಡೆಯ ಒಳಗೆ ಯಾರಿರಬೇಕು, ಹೊರಗೆ ಯಾರಿರಬೇಕು ಅಂತ ಒಂದು ಸಲ ಕೇಳಿಕೊಂಡಾದರೂ ಕಟ್ಟು.”

ನನ್ನ ಕೈಯಲ್ಲಿದ್ದ ಬುಟ್ಟಿ ಭಾರವಾಯಿತು. ದಲಿತರ ಜಾಗದಿಂದ ದಲಿತರನ್ನು ಹೊರಗಿಡುವ ಗೋಡೆಯನ್ನು ಕಟ್ಟಲು ನಾಲ್ಕು ಮಂದಿ ದಲಿತರು ಮುನ್ನೂರು ಕಿಲೋಮೀಟರ್ ದೂರದಿಂದ ಬಂದಿದ್ದೆವು. ಮಾರನೆಯ ದಿನವೂ ಗುಲಾಬಿಯಕ್ಕ ಬಂದು ಕುಳಿತರು, ಅದರ ಮಾರನೆಯ ದಿನವೂ. ಮೂರನೆಯ ದಿನ ಅವರ ಅರ್ಜಿಯ ಮೇಲೆ ಸರ್ವೆಯವರು ಸರಪಳಿ ಹಿಡಿದು ಬಂದರು, ಕೆಲಸ ನಿಂತಿತು. ಕಂಟ್ರಾಕ್ಟರ್ ನಮ್ಮನ್ನು ಬೇರೆ ಕಡೆ ಕಳಿಸಿದ. ಹೊರಡುವಾಗ ಗುಲಾಬಿಯಕ್ಕ ಬೈಯುತ್ತಾರೇನೋ ಎಂದು ಹೆಗಲು ಮುಟ್ಟಿ ನೋಡಿಕೊಂಡ ಕುಂಬಳಕಾಯಿ ಕಳ್ಳನಂತೆ ತಲೆ ತಗ್ಗಿಸಿ ನಡೆದೆ. ಅವರು ಬೈಯಲಿಲ್ಲ. “ಕೆಲಸ ಹೋಯ್ತಲ್ಲ ನಿಮ್ಮದು, ಊಟ ಆಯ್ತಾ?” ಎಂದು ಕೇಳಿದರು.

ಅವರ ಬದುಕನ್ನು ನಾನು ತುಂಡುತುಂಡಾಗಿ ಕೇಳಿ ತಿಳಿದುಕೊಂಡದ್ದು ಆಮೇಲಿನ ವರ್ಷಗಳಲ್ಲಿ. ಹುಟ್ಟಿದ್ದು ಕಾರ್ಕಳದ ಕಡೆ. ತಾಯಿ ಒಂದು ದೊಡ್ಡ ಮನೆಯ ಅಂಗಳ ಗುಡಿಸುತ್ತಿದ್ದರು. ಅವರಿಗೆ ಚಹಾ ಕೊಡುತ್ತಿದ್ದದ್ದು ಗೆರಟೆಯಲ್ಲಿ. ತೆಂಗಿನಕಾಯಿಯ ಕರಟಕ್ಕೆ ಇಲ್ಲಿ ಗೆರಟೆ ಎನ್ನುತ್ತಾರೆ. ಅದನ್ನು ಬೇಲಿಗೆ ಸಿಕ್ಕಿಸಿ ಇಟ್ಟಿರುತ್ತಿದ್ದರಂತೆ. “ಗೆರಟೆ ಒಡೆದರೆ ಹೊಸತು ಅವರು ಕೊಡುವುದಿಲ್ಲ, ನಾವೇ ತರಬೇಕು. ನಮ್ಮನ್ನು ಹೊರಗಿಡುವ ಪಾತ್ರೆಯೂ ನಮ್ಮ ಖರ್ಚಿನದ್ದೇ” ಎಂದು ಗುಲಾಬಿಯಕ್ಕ ನಗುತ್ತಾ ಹೇಳಿದ್ದರು. ನನಗೆ ನಗು ಬರಲಿಲ್ಲ. ಜಾತಿಯೇ ಇಲ್ಲದ ಊರೆಂದು ನಾನು ಹೆಂಡತಿಗೆ ಫೋನಿನಲ್ಲಿ ವರ್ಣಿಸಿದ್ದ ಊರಿನ ಕಥೆ ಅದು.

ನಾಲ್ಕನೆಯ ತರಗತಿಗೆ ಶಾಲೆ ಬಿಡಿಸಿ ಅವರನ್ನು ಬೀಡಿಗೆ ಕೂರಿಸಿದರು. ಮದುವೆಯಾಗಿ ಕಾಪುವಿನ ಕಡೆಯ ಕಾಲೊನಿಗೆ ಬಂದ ಮೇಲೆ ಮರೆತುಹೋಗಿದ್ದ ಅಕ್ಷರಗಳನ್ನು ವಯಸ್ಕರ ಶಿಕ್ಷಣದ ತರಗತಿಯಲ್ಲಿ ಮತ್ತೆ ಕಲಿತರು. ಮೊದಲು ಬಸ್ಸಿನ ಬೋರ್ಡು ಓದಿದರಂತೆ, ಆಮೇಲೆ ನೇರವಾಗಿ ಪಹಣಿ. ತಮ್ಮ ಕಾಲೊನಿಯವರಿಗೆಂದು ದಾಖಲೆಯಲ್ಲಿದ್ದ ಜಾಗದಲ್ಲಿ ಬೇರೆಯವರ ತೆಂಗು ಬೆಳೆದಿರುವುದು ಓದಲು ಬಂದ ಮೇಲೆ ಗೊತ್ತಾಯಿತು. ಅಂದಿನಿಂದ ಕಚೇರಿಗಳ ಮೆಟ್ಟಿಲು ಹತ್ತಿದವರು ಮೊಣಕಾಲು ಸವೆಯುವ ತನಕ ಹತ್ತಿದರು. ಕೊನೆಗೆ ಜಾಗ ಬಂತು, ಮನೆಯಿಲ್ಲದವರಿಗೆ ಹಕ್ಕುಪತ್ರ ಸಿಕ್ಕಿತು. ಆ ಪಟ್ಟಿಯಲ್ಲಿ ಗುಲಾಬಿಯಕ್ಕನ ಹೆಸರಿಲ್ಲ. ನನ್ನ ತಲೆಯ ಮೇಲೆ ಮಾಡು ಉಂಟಲ್ಲ ಎಂದು ಅವರೇ ತೆಗೆಸಿದರಂತೆ. ಆ ಮಾಡನ್ನು, ಅಂದರೆ ಸೂರನ್ನು, ನಾನು ನೋಡಿದ್ದೇನೆ. ಗಾರೆಯವನ ಕಣ್ಣಿನಿಂದ ಹೇಳುವುದಾದರೆ, ಅದನ್ನು ಮಾಡು ಎನ್ನಲು ಧೈರ್ಯ ಬೇಕು.

ಅವರನ್ನು ದೇವತೆ ಮಾಡಲು ನಾನು ಹೊರಟಿಲ್ಲ. ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ. ಐದು ನಿಮಿಷ ತಡವಾಗಿ ಹೋದರೆ “ನಿನ್ನ ಕೆಲಸಕ್ಕೆ ನೀನೇ ತಡ ಮಾಡಿದರೆ ಸರ್ಕಾರ ಎಂತ ಮಾಡ್ತದೆ?” ಎಂದು ಎಲ್ಲರೆದುರು ಬೈಯುತ್ತಾರೆ. ವೇದಿಕೆಯ ಮೇಲೆ ಕೂರಿಸಿ ಹಾರ ಹಾಕಿದರೆ ಹಾರ ತೆಗೆದು ಚೀಲಕ್ಕೆ ಹಾಕಿ, ಬೀಡಿ ಕಟ್ಟುತ್ತಾ ಕೂರುತ್ತಾರೆ. ಆದರೂ ನನ್ನ ಜೀವನದಲ್ಲಿ ಅಷ್ಟು ದೊಡ್ಡ ಮನುಷ್ಯರನ್ನು ನಾನು ನೋಡಿಲ್ಲ.

ಇಷ್ಟೆಲ್ಲ ಗೊತ್ತಿದ್ದೂ ನನ್ನ ಸುಳ್ಳನ್ನು ನಾನು ಅವರಿಗೂ ಹೇಳಿರಲಿಲ್ಲ. ಹೇಳಿಸಿದ್ದು ಮಗಳು. ರೇಣುಕಾ ಹತ್ತನೆಯ ತರಗತಿಯನ್ನು ಒಳ್ಳೆಯ ಅಂಕದಲ್ಲಿ ಪಾಸಾದಳು. ಉಡುಪಿಯಲ್ಲಿ ಸರ್ಕಾರಿ ಹಾಸ್ಟೆಲಿನಲ್ಲಿದ್ದು ವಿಜ್ಞಾನ ಓದಿ ನರ್ಸ್ ಆಗಬೇಕೆಂಬುದು ಅವಳ ಆಸೆ. ಹಾಸ್ಟೆಲಿಗೆ ಜಾತಿ ಪ್ರಮಾಣಪತ್ರ ಬೇಕು. ಊರಿನ ಕಡೆಯ ಕಚೇರಿಗೆ ಹೋದರೆ, “ನಿಮ್ಮ ಮಗಳ ಶಾಲಿ ದಾಖಲೆದಾಗ ಲಿಂಗಾಯತ ಅಂತ ಐತಿ. ನಿಮಗ ಪರಿಶಿಷ್ಟ ಜಾತಿ ಸರ್ಟಿಫಿಕೇಟ್ ಹೆಂಗ ಕೊಡೂದು?” ಎಂದರು. ಇಲ್ಲಿ ಶಾಲೆಗೆ ಬಂದರೆ, “ನೀವು ಸರ್ಟಿಫಿಕೇಟ್ ತನ್ನಿ, ಆಮೇಲೆ ನಾವು ತಿದ್ದುಪಡಿಗೆ ಬರೆಯುತ್ತೇವೆ” ಎಂದರು. ಅಲ್ಲಿಂದ ಇಲ್ಲಿಗೆ, ಇಲ್ಲಿಂದ ಅಲ್ಲಿಗೆ. ಹಾಸ್ಟೆಲ್ ಅರ್ಜಿಯ ಕೊನೆಯ ದಿನ ಹತ್ತಿರ ಬರುತ್ತಿತ್ತು. ನಾನು ತಲೆಯಾಡಿಸಿ ಮಾಡಿದ ಸಹಿಗೆ ಮಗಳು ಓದು ಕಳೆದುಕೊಳ್ಳುವ ಹಾಗಾಯಿತು.

“ಅಪ್ಪ, ಆ ಬೀಡಿಯ ಅಕ್ಕನ ಹತ್ತಿರ ಹೋಗುವ” ಎಂದಳು ರೇಣುಕಾ. ಅವಳ ಕನ್ನಡ ಪೂರ್ತಿ ಇಲ್ಲಿಯದು, ಗೆಳತಿಯರ ಜೊತೆ ತುಳು.

“ಅವರಿಗೆ ಏನಂತ ಹೇಳೂದವ್ವಾ?”

“ಎಂತ ಉಂಟೋ ಅದನ್ನೇ ಹೇಳುವುದು. ನನಗೆ ಯಾವಾಗಲೋ ಗೊತ್ತುಂಟು. ನಾಚಿಕೆ ನಿಮಗೆ, ನನಗಲ್ಲ.”

ಹೋದೆವು. ಗುಲಾಬಿಯಕ್ಕ ಪೂರ್ತಿ ಕೇಳಿದರು, ಕೈ ಬೀಡಿ ಕಟ್ಟುತ್ತಲೇ ಇತ್ತು. “ಆವತ್ತು ಪಾಯದ ಹತ್ತಿರವೇ ಗೊತ್ತಾಗಿತ್ತು ನನಗೆ” ಎಂದರು. “ಹೇಗೆ ಅಕ್ಕ?” ಎಂದೆ. “ಡಿ.ಸಿ. ಮನ್ನಾ ಅಂದಾಗ ಬೇರೆಯವರೆಲ್ಲ ಕಂಟ್ರಾಕ್ಟರನ ಮುಖ ನೋಡಿದರು. ನೀನು ನೆಲ ನೋಡಿದೆ.”

ನಾನು ಬಿಳಿ ಹಾಳೆ ಮುಂದಿಟ್ಟು, “ನೀವೇ ಬರೆದುಕೊಡಿ” ಎಂದೆ. ಅವರು ಹಾಳೆಯನ್ನು ನನ್ನ ಕಡೆಗೇ ತಳ್ಳಿದರು. ಅವರ ಕ್ರಮವೇ ಅದು. ಎಷ್ಟು ಜನರ ಕೆಲಸ ಮಾಡಿಸಿದರೂ ಒಬ್ಬರ ಅರ್ಜಿಯನ್ನೂ ಅವರು ಬರೆಯುವುದಿಲ್ಲ. ಅಕ್ಷರ ಬಾರದವರಾದರೆ ಮನೆಯ ಮಕ್ಕಳಿಂದ ಬರೆಸುತ್ತಾರೆ. ಬರೆದದ್ದನ್ನು ಅರ್ಜಿದಾರರು ಮೂರು ಸಲ ಗಟ್ಟಿಯಾಗಿ ಓದಬೇಕು ಅಥವಾ ಹೇಳಬೇಕು. ಎರಡನೆಯ ಪ್ರತಿಯ ಮೇಲೆ ಕಚೇರಿಯ ಮುದ್ರೆ ಬೀಳದೆ ಮೆಟ್ಟಿಲು ಇಳಿಯಬಾರದು. “ನಾನು ಬರೆದರೆ, ಅಧಿಕಾರಿ ಪ್ರಶ್ನೆ ಕೇಳುವಾಗ ನೀನು ನನ್ನ ಮುಖ ನೋಡ್ತೀಯ. ನಾನು ಸತ್ತ ಮೇಲೆ ಯಾರ ಮುಖ ನೋಡುವುದು?”

ಬರೆದೆ. ‘ಸದರಿ ವಿದ್ಯಾರ್ಥಿನಿಯ ಜಾತಿಯು ಕಣ್ತಪ್ಪಿನಿಂದ ತಪ್ಪಾಗಿ ದಾಖಲಾಗಿರುತ್ತದೆ.’ ಇಂಥ ಭಾಷೆ ಬರೆಯಲು ಬಂತಲ್ಲ ಎಂದು ನನಗೇ ಹೆಮ್ಮೆಯಾಯಿತು.

“ಯಾರ ಕಣ್ಣು ತಪ್ಪಿದ್ದು? ಟೀಚರದ್ದಾ?” ಗುಲಾಬಿಯಕ್ಕನ ದನಿ ಏರಿತು. “ಅವರು ನೀನು ಹೌದೆಂದದ್ದನ್ನು ಬರೆದದ್ದು. ಅವರ ಹೊಟ್ಟೆಯ ಮೇಲೆ ಯಾಕೆ ಹೊಡೆಯುತ್ತೀ? ಸುಳ್ಳು ಹೇಳಿದ್ದು ನೀನು. ನೀನು ಅಂತಲೇ ಬರಿ. ಯಾಕೆ ಹೇಳಿದೆ ಅಂತಲೂ ಬರಿ.”

ಆ ಒಂದು ವಾಕ್ಯ ಬರೆಯಲು ಎರಡು ದಿನ ಬೇಕಾಯಿತು. ಗೋಡೆ ಕಟ್ಟುವಾಗಲೂ ಅದೇ, ಊಟಕ್ಕೆ ಕುಳಿತರೂ ಅದೇ. ಕೊನೆಗೆ ಬರೆದೆ: ‘ನಾನು ಮಾದಿಗ ಸಮುದಾಯಕ್ಕೆ ಸೇರಿದವನು. ನಿಜ ಹೇಳಿದರೆ ಬಾಡಿಗೆಗೆ ರೂಮು ಸಿಗುವುದಿಲ್ಲ ಎಂಬ ಹೆದರಿಕೆಯಿಂದ ಸುಳ್ಳು ಹೇಳಿದೆ. ಅದೇ ಸುಳ್ಳಿಗೆ ಶಾಲೆಯಲ್ಲಿಯೂ ಹೌದೆಂದು ಸಹಿ ಮಾಡಿದೆ. ತಪ್ಪು ನನ್ನದು, ನನ್ನ ಮಗಳದ್ದಲ್ಲ.’ ಗುಲಾಬಿಯಕ್ಕ ಓದಿ, “ಹೆದರಿಕೆ ಅಂತ ಬರೆದೆ ನೋಡು, ಅದೇ ದೊಡ್ಡ ಸಾಕ್ಷಿ” ಎಂದರು. ಆಮೇಲೆ ಅಂಗಳದಲ್ಲಿ ನಿಲ್ಲಿಸಿ ಓದಿಸಿದರು. ಜಾತಿಯ ಹೆಸರು ಬಂದ ಕಡೆ ನನ್ನ ದನಿ ನೆಲಕ್ಕಿಳಿಯುತ್ತಿತ್ತು. “ಇನ್ನೂ ಜೋರಾಗಿ. ಕಚೇರಿಯಲ್ಲಿ ಫ್ಯಾನಿನ ಶಬ್ದ ಇರ್ತದೆ” ಎಂದರು. ಮೂರನೆಯ ಸಲ ಓದುವಾಗ ರಸ್ತೆಯಲ್ಲಿ ಹೋಗುತ್ತಿದ್ದವರು ತಿರುಗಿ ನೋಡಿದರು. ರೇಣುಕಾ ನಗುತ್ತಿದ್ದಳು. ನಾನು ಅತ್ತುಬಿಟ್ಟೆ.

ನನ್ನ ಶಾಲೆಯ ದಾಖಲೆ ತರಲು ಊರಿಗೆ ಹೋದೆ. ಹಳೆಯ ರಿಜಿಸ್ಟರಿನಲ್ಲಿ ನನ್ನ ಹೆಸರು, ಎದುರಿಗೆ ನಮ್ಮ ಜಾತಿ, ಅದರ ಕೆಳಗೆ ಅಪ್ಪನ ಹೆಬ್ಬೆಟ್ಟು. ಅಕ್ಷರ ಬಾರದ ಅಪ್ಪ ಎಲ್ಲರೂ ಗೊತ್ತಿರುವ ಊರಿನಲ್ಲಿ ನಿಜ ಹೇಳಿ ಹೆಬ್ಬೆಟ್ಟು ಒತ್ತಿದ್ದ. ಓದು ಕಲಿತ ನಾನು ಯಾರೂ ಗೊತ್ತಿಲ್ಲದ ಊರಿನಲ್ಲಿ ಸುಳ್ಳು ಹೇಳಿ ಸಹಿ ಮಾಡಿದ್ದೆ. ಕೇರಿಯವರು ಸುತ್ತ ಕುಳಿತು, “ಅಲ್ಲಿ ಎಲ್ಲಾರನ್ನೂ ಒಳಗ ಕರಿತಾರಂತ, ಖರೇ ಏನೋ ಹನುಮಾ?” ಎಂದು ಆಸೆಯಿಂದ ಕೇಳಿದರು. ಏನು ಹೇಳಲಿ? “ನಾವು ಯಾರಂತ ಗೊತ್ತಾಗೂಮಟ ಕರಿತಾರ” ಎಂದೆ. ಅವರಿಗೆ ಬೇಸರವಾಯಿತು. ನನಗೂ ಆಯಿತು.

ಅರ್ಜಿ, ದಾಖಲೆ ಎರಡನ್ನೂ ಕಚೇರಿಗೆ ಕೊಟ್ಟು ಮುದ್ರೆ ಹಾಕಿಸಿಕೊಂಡ ಮೇಲೆ ಉಳಿದದ್ದು ಉಚ್ಚಿಲದಲ್ಲಿ ವಿಚಾರಣೆ. ಗ್ರಾಮದ ಅಧಿಕಾರಿ ಬಂದು ಅಕ್ಕಪಕ್ಕದವರ ಹೇಳಿಕೆ ಬರೆದುಕೊಳ್ಳಬೇಕು. ಕಚೇರಿಯಲ್ಲಿ ಹೇಳುವುದು ಒಂದು, ದಿನಾ ಮುಖ ನೋಡುವವರ ಎದುರು ಹೇಳುವುದು ಇನ್ನೊಂದು. ಯಲ್ಲವ್ವ ಬೆಳಿಗ್ಗೆಯಿಂದ ಅಂಗಳವನ್ನು ಮೂರು ಸಲ ಗುಡಿಸಿದಳು. ಗುಲಾಬಿಯಕ್ಕ ಬಂದರು, ಆದರೆ ಅಂಗಳಕ್ಕೆ ಬರದೆ ರಸ್ತೆಯಲ್ಲೇ ಕೊಡೆ ಹಿಡಿದು ನಿಂತರು. “ಇದು ನಿನ್ನ ಮನೆ. ನೀನು ಮಾತಾಡು” ಎಂದರು.

ಸರೋಜಿನಿಯಮ್ಮ ಮೀನು ಮಾರಿ ಆಗಷ್ಟೇ ಬಂದು ಖಾಲಿ ಬುಟ್ಟಿ ಇಳಿಸುತ್ತಿದ್ದರು.

“ಇವರು ಎಂತ ಜನ ಅಂತ ನಿಮಗೆ ಗೊತ್ತುಂಟಾ?” ಎಂದರು ಅಧಿಕಾರಿ.

“ಲಿಂಗಾಯತರಲ್ವಾ? ಹತ್ತು ವರ್ಷದಿಂದ ನನ್ನ ರೂಮಿನಲ್ಲೇ ಇದ್ದಾರೆ.”

“ಅಲ್ಲ ಅಮ್ಮ” ಎಂದೆ. “ನಾವು ಮಾದಿಗರು. ಆವತ್ತು ರೂಮಿಗೋಸ್ಕರ ನಿಮಗೆ ಸುಳ್ಳು ಹೇಳಿದೆ. ಶಾಲೆಯಲ್ಲಿ ನೀವು ಅದನ್ನೇ ಹೇಳಿದಾಗಲೂ ಹೌದೆಂದೆ.”

ಅವರು ಬುಟ್ಟಿಯನ್ನು ಗೋಡೆಗೆ ಒರಗಿಸಿಟ್ಟರು. ಆಮೇಲೆ ಅಧಿಕಾರಿಯ ಕಡೆ ತಿರುಗಿ, “ಬರ್ಕೊಳ್ಳಿ. ಹತ್ತು ವರ್ಷದಿಂದ ಇಲ್ಲೇ ಇದ್ದಾರೆ, ಹುಡುಗಿ ಇವರದ್ದೇ, ಕೆಟ್ಟ ಜನ ಅಲ್ಲ. ನಿಜ ಇವತ್ತು ಹೇಳಿದರು ಅಂತಲೂ ಬರ್ಕೊಳ್ಳಿ” ಎಂದು ಸಹಿ ಹಾಕಿ ಒಳಗೆ ಹೋದರು. ಬಾಗಿಲು ಹಾಕಿಕೊಂಡರು.

ಪ್ರಮಾಣಪತ್ರ ಬಂತು. ಕೊನೆಯ ದಿನಕ್ಕೆ ಎರಡು ದಿನ ಮುಂಚೆ ಬಂತು. ರೇಣುಕಾ ಅದನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ಬಸ್ಸಿನಲ್ಲಿ ಉಡುಪಿಗೆ ಹೋದಳು. ಹಾಸ್ಟೆಲ್ ಸಿಕ್ಕಿತು. ಮಗಳನ್ನು ಬಿಟ್ಟು ಬರುವಾಗ ಯಲ್ಲವ್ವ ದಾರಿಯುದ್ದಕ್ಕೂ ನಗುತ್ತಾ ಅಳುತ್ತಾ ಇದ್ದಳು.

ಸರೋಜಿನಿಯಮ್ಮ ಮಾತ್ರ ಮಾತು ನಿಲ್ಲಿಸಿದ್ದರು. ಬದನೆಕಾಯಿಯೂ ಬರಲಿಲ್ಲ. ಅವರು ಬಾಯಿಬಿಟ್ಟು ಹೇಳುವ ಮೊದಲು ನಾವೇ ಹೋಗುವುದು ಮರ್ಯಾದೆ ಎಂದುಕೊಂಡೆ. ಕಾರ್ಕಳದಲ್ಲಿ ದೊಡ್ಡ ಕೆಲಸವೊಂದು ಸಿಕ್ಕಿತ್ತು. ಅಲ್ಲಿಯೇ ಒಂದು ರೂಮು ನೋಡಿದೆ. ಹಂಚಿನ ಮಾಡು, ಬಾವಿ ಹತ್ತಿರ, ಯಲ್ಲವ್ವನಿಗೆ ಇಷ್ಟವಾಗುವಂಥದ್ದು. ಮಾಲೀಕರು ನಗುನಗುತ್ತಾ ಬೀಗ ತೆರೆದು ತೋರಿಸಿ, ಕೊನೆಗೆ ಅದೇ ಪ್ರಶ್ನೆ ಕೇಳಿ ಬೀಗದ ಕೈ ಮುಂದೆ ಚಾಚಿದರು. ಹಳೆಯ ಉತ್ತರ ನಾಲಿಗೆಯ ತುದಿಗೆ ಬಂದಿತ್ತು. ನುಂಗಿಕೊಂಡು ನಿಜ ಹೇಳಿದೆ. ಚಾಚಿದ ಕೈ ಹಿಂದೆ ಹೋಯಿತು. “ಬೇಸರ ಮಾಡಬೇಡಿ. ನಿನ್ನೆಯೇ ಒಬ್ಬರಿಗೆ ಮಾತು ಕೊಟ್ಟಾಗಿದೆ, ಮರೆತಿದ್ದೆ” ಎಂದರು. ಬೈಯಲಿಲ್ಲ, ನಗುವುದನ್ನೂ ಪೂರ್ತಿ ನಿಲ್ಲಿಸಲಿಲ್ಲ.

ಉಚ್ಚಿಲಕ್ಕೆ ಬಂದರೆ, ಇದೇನೂ ಗೊತ್ತಿಲ್ಲದ ಯಲ್ಲವ್ವ ಪಾತ್ರೆಗಳನ್ನು ಚೀಲಕ್ಕೆ ತುಂಬುತ್ತಿದ್ದಳು. ಬಾಗಿಲಲ್ಲಿ ಸರೋಜಿನಿಯಮ್ಮ ಸೊಂಟಕ್ಕೆ ಕೈಯಿಟ್ಟು ನಿಂತಿದ್ದರು.

“ಹೋಗಿ ಅಂತ ನಾನು ಹೇಳಿದ್ದಾ? ಹೇಳಿದ್ದಾ ನಾನು? ನನಗೆ ಸಿಟ್ಟು ಬಂದದ್ದು ನೀವು ಯಾರು ಅಂತ ಅಲ್ಲ ಮಾರಾಯ್ರೆ. ಹತ್ತು ವರ್ಷ ಪಕ್ಕದಲ್ಲಿದ್ದವರಿಗೆ ನಾನು ಒಂದು ತುಂಡು ಮೀನು ಕೊಡಲಿಲ್ಲವಲ್ಲ! ಎಂತ ಹೆಂಗಸು ನಾನು ಅಂತ ಆಯ್ತು ನನಗೆ.” ಹಾಗೆಂದು ಒಂದು ತಟ್ಟೆ ಬಂಗುಡೆಯನ್ನು ಕಟ್ಟೆಯ ಮೇಲಿಟ್ಟು ಹೋದರು. ಅವರ ಮಾತು ಪೂರ್ತಿ ನಿಜವೋ ಅರ್ಧ ನಿಜವೋ ನನಗೆ ಇವತ್ತಿಗೂ ತಿಳಿಯದು. ಮೊದಲು ಯಲ್ಲವ್ವನನ್ನು ಅಡುಗೆಮನೆಯ ತನಕ ಕರೆಯುತ್ತಿದ್ದವರು ಈಗ ಹಿಂಬಾಗಿಲಲ್ಲೇ ನಿಲ್ಲಿಸಿ ಮಾತಾಡುತ್ತಾರೆ. ಮೀನು ಮಾತ್ರ ವಾರಕ್ಕೆ ಎರಡು ಸಲ ತಪ್ಪದೆ ಬರುತ್ತದೆ. ನಾವು ಅಲ್ಲೇ ಉಳಿದಿದ್ದೇವೆ.

ಮಾರನೆಯ ದಿನ ಗುಲಾಬಿಯಕ್ಕನ ಮನೆಗೆ ಹೋಗಿ ಕಾರ್ಕಳದಲ್ಲಿ ಆದದ್ದನ್ನು ಹೇಳಿದೆ. ಅವರು ತಡ್ಪೆಯನ್ನು ತೊಡೆಯಿಂದ ಇಳಿಸಿದರು. ಮಾತಾಡುವಾಗ ಆ ಕೈಗಳು ಸುಮ್ಮನಿದ್ದದ್ದನ್ನು ನಾನು ನೋಡಿದ್ದು ಅದೇ ಮೊದಲು.

“ಬಾಯಿಬಿಟ್ಟು ಹೇಳಿದೆಯಾ? ನೀನೇ?”

“ಹೇಳಿದೆ ಅಕ್ಕ.”

“ಹಾಗಾದರೆ ಈಗ ನೀನು ಈ ಊರಿನವನಾದೆ ಮಾರಾಯ. ಇಷ್ಟು ವರ್ಷ ನೆಂಟನ ಹಾಗೆ ಇದ್ದೆ. ನೆಂಟರಿಗೆ ಇಲ್ಲಿ ಎಲ್ಲ ಬಾಗಿಲೂ ತೆರೆದೇ ಇರ್ತದೆ.” ನಕ್ಕರು. ಆದರೆ ಕಣ್ಣಲ್ಲಿ ನೀರಿತ್ತು. ನನಗೆ ಕಾಣಬಾರದೆಂದು ಒಳಗೆ ಹೋಗಿ ಎರಡು ಹಾಳೆ ತಂದರು. “ಬರಿ. ರೂಮು ಕೊಡದವರ ಮೇಲೆ ದೂರು ಕೊಡುವ. ಅವರು ಎಂತ ಹೇಳಿದರೋ ಅದನ್ನೇ ಬರಿ. ಒಂದು ಮಾತು ಹೆಚ್ಚು ಬೇಡ, ಕಡಿಮೆ ಬೇಡ.”

ಈ ಸಲ ಎರಡು ದಿನ ಬೇಕಾಗಲಿಲ್ಲ. ಹೆಸರು ಬರೆದೆ, ಜಾತಿ ಬರೆದೆ, ನಡೆದದ್ದನ್ನು ಬರೆದೆ. ಕೊನೆಯಲ್ಲಿ ನನ್ನ ಊರು ಬರೆಯುವಲ್ಲಿ ಪೆನ್ನು ಸ್ವಲ್ಪ ಹೊತ್ತು ನಿಂತಿತು. ಊರಿಗೆ ಹೋದರೆ ಈಗ ನನ್ನನ್ನು ಕಡಲಿನ ಕಡೆಯವ ಎನ್ನುತ್ತಾರೆ, ಇಲ್ಲಿ ಘಟ್ಟದವ. ಎರಡೂ ಊರುಗಳನ್ನು ಬರೆದು ಹಾಳೆಯನ್ನು ಅವರ ಕೈಗೆ ಕೊಟ್ಟೆ.

“ಎರಡು ಊರು ಯಾಕೆ?” ಎಂದರು.

“ಒಂದರಲ್ಲಿ ನಾನು ಹುಟ್ಟಿದೆ, ಇನ್ನೊಂದರಲ್ಲಿ ನನ್ನ ಮಗಳು ಬೆಳೆದಳು. ಎರಡೂ ಕಡೆ ನನಗೆ ಬಾಗಿಲು ಹಾಕಿದವರಿದ್ದಾರೆ ಅಕ್ಕ. ಯಾವುದನ್ನು ಬಿಡಲಿ?”

ಗುಲಾಬಿಯಕ್ಕ ಅರ್ಜಿಯನ್ನು ಮತ್ತೊಮ್ಮೆ ಮೇಲಿನಿಂದ ಕೆಳಗೆ ಓದಿದರು.

“ಎರಡೂ ಇರಲಿ. ಸಹಿ ಒಂದೇ ಸಾಕು.”

ನಾನು ಸಹಿ ಮಾಡಿದೆ.